ದೂರದ ನ್ಯಾಯಾಲಯವೆಂಬ ಶಿಕ್ಷೆ

ಮಂಗಳೂರಿನ ತವರಿಗೆ ಮರಳಿದ ಹೆಣ್ಣುಮಗಳ ಮೇಲೆ ಕಲಬುರಗಿಯ ಪತಿ ತನ್ನೂರಿನ ಕೌಟುಂಬಿಕ ನ್ಯಾಯಾಲಯದಲ್ಲಿ ದಾಂಪತ್ಯ ಹಕ್ಕಿನ ದಾವೆ ಹೂಡುತ್ತಾನೆಂದು ಭಾವಿಸೋಣ. ಅವನು ಬೆಳಗಿನ ಚಹಾ ಮುಗಿಸಿ ಕೋರ್ಟಿಗೆ ಹೋಗುತ್ತಾನೆ. ಅವಳಾದರೋ ಹಸುಗೂಸನ್ನು ಎತ್ತಿಕೊಂಡು, ವೃದ್ಧ ತಂದೆಯನ್ನು ಜೊತೆಗೆ ಕರೆದುಕೊಂಡು ರಾತ್ರಿಯಿಡೀ ಬಸ್ಸಿನಲ್ಲಿ ಪ್ರಯಾಣಿಸಬೇಕು. ಅಲ್ಲಿ ಸಿಗುವುದು ಮುಂದಿನ ವಾಯಿದೆಯ ದಿನಾಂಕ ಮಾತ್ರ. ಹಾಜರಾಗದಿದ್ದರೆ ಏಕಪಕ್ಷೀಯ ತೀರ್ಪಿನ ಭೀತಿ. ಪತ್ನಿಯನ್ನು ಪೀಡಿಸುವ ಉದ್ದೇಶದಿಂದ ಬಂಧನದಲ್ಲಿರಿಸಬಾರದೆಂದು ಅಲ್‌ಬಕರ ಅಧ್ಯಾಯದಲ್ಲಿ ಓದುವವರೇ ಇಂತಹ ದಾವೆಗಳ ಹಿಂದಿರುವಾಗ ನಾವು ಯಾರನ್ನು ದೂರಬೇಕು?

ಬಾಕಿಯಿರುವ ಪ್ರಕರಣವನ್ನು ವರ್ಗಾಯಿಸಿಕೊಳ್ಳಲು ಕಾನೂನಿನಲ್ಲಿ ದಾರಿಯಿದೆ, ನಿಜ. ರಾಜ್ಯದೊಳಗಾದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ ಸೆಕ್ಷನ್ 24ರಂತೆ ಹೈಕೋರ್ಟಿಗೆ ಅರ್ಜಿ ಸಲ್ಲಿಸಬಹುದು. ರಾಜ್ಯದ ಗಡಿ ಅಡ್ಡ ಬಂದರೆ ಸೆಕ್ಷನ್ 25ರಂತೆ ಸುಪ್ರೀಮ್ ಕೋರ್ಟೇ ಗತಿ. ಹೈಕೋರ್ಟಿಗೆ ಆ ಅಧಿಕಾರವಿಲ್ಲವೆಂದು 2008ರಲ್ಲಿ ಅದೇ ನ್ಯಾಯಾಲಯ ಸ್ಪಷ್ಟಪಡಿಸಿದೆ. ಮಂಗಳೂರಿಗೂ ಕಾಸರಗೋಡಿಗೂ ಇರುವ ಅಂತರ ಸುಮಾರು 50 ಕಿಲೋಮೀಟರ್. ಅಲ್ಲಿಂದಿಲ್ಲಿಗೆ ಹೆಣ್ಣು ಕೊಟ್ಟು ತಂದುಕೊಳ್ಳುವುದು ತಲೆಮಾರುಗಳಿಂದ ನಡೆದುಬಂದಿದೆ. ಆದರೆ ಕಡತವೊಂದು ಆ 50 ಕಿಲೋಮೀಟರ್ ದಾಟಬೇಕಾದರೆ ದಿಲ್ಲಿಯ ಅಪ್ಪಣೆ ಬೇಕು! ಈಗ ಅರ್ಜಿಯನ್ನು ಕಂಪ್ಯೂಟರಿನಿಂದಲೇ ಸಲ್ಲಿಸಬಹುದೆನ್ನುತ್ತಾರೆ. ವಕೀಲರ ಶುಲ್ಕವೂ ಕಂಪ್ಯೂಟರಿನಿಂದ ಹೊರಬರುತ್ತದೆಯೇ?

ವರ್ಗಾವಣೆ ಕೇಳುವ ಪತ್ನಿಯ ಅನುಕೂಲಕ್ಕೆ ಹೆಚ್ಚಿನ ಮನ್ನಣೆ ಸಲ್ಲಬೇಕೆಂದು ಸುಪ್ರೀಮ್ ಕೋರ್ಟ್ 2022ರಲ್ಲಿಯೂ ಹೇಳಿದೆ. ಇದು ಸ್ವಾಗತಾರ್ಹ. ಆದರೆ ವರ್ಗಾವಣೆಯನ್ನು ಬೇಡುವ ಪ್ರಮೇಯವಾದರೂ ಏಕೆ ಬರಬೇಕು?

2003ರ ತಿದ್ದುಪಡಿಯಿಂದ ಹಿಂದೂ ವಿವಾಹ ಕಾಯ್ದೆಯಡಿ ಮತ್ತು ವಿಶೇಷ ವಿವಾಹ ಕಾಯ್ದೆಯಡಿ ಪತ್ನಿಯು ತಾನು ವಾಸವಿರುವ ಊರಿನಲ್ಲಿಯೇ ಅರ್ಜಿ ಸಲ್ಲಿಸಬಹುದು. 1939ರ ಮುಸ್ಲಿಮ್ ವಿವಾಹ ವಿಚ್ಛೇದನಾ ಕಾಯ್ದೆಯಲ್ಲಿ ಅಂತಹ ಒಂದು ಸಾಲೂ ಇಲ್ಲ. ಫಸ್ಖ್ ಕೋರುವ ನಮ್ಮ ಸಹೋದರಿ ಸಾಮಾನ್ಯ ಸಿವಿಲ್ ನಿಯಮದಂತೆ ಪ್ರತಿವಾದಿಯ ವಾಸಸ್ಥಳವನ್ನೋ, ವ್ಯಾಜ್ಯಕಾರಣ ಉದ್ಭವಿಸಿದ ಸ್ಥಳವನ್ನೋ ಹುಡುಕಬೇಕು. ನಿಕಾಹ್ ತವರಿನಲ್ಲಿ ನಡೆದಿದ್ದರೆ ಅದನ್ನು ಆಧಾರವಾಗಿಸಿ ವಾದಿಸಬೇಕು. ಜೀವನಾಂಶದ ಅರ್ಜಿಯನ್ನಾದರೆ ಆಕೆ ತಾನಿರುವ ಊರಿನಲ್ಲಿಯೇ ಸಲ್ಲಿಸಬಹುದು. ಹೀಗಾಗಿ ಒಂದೇ ಮನೆಯ ಜಗಳ ಎರಡು ಊರುಗಳ ಎರಡು ನ್ಯಾಯಾಲಯಗಳಲ್ಲಿ ನಡೆಯುವುದುಂಟು.

ಈ ಕೊರತೆಯ ಬಗ್ಗೆ ನಮ್ಮ ನಾಯಕರು ಎಷ್ಟು ಸಲ ಬಾಯಿ ತೆರೆದಿದ್ದಾರೆ? ವೈಯಕ್ತಿಕ ಕಾನೂನಿನ ರಕ್ಷಣೆಗೆ ಸಭೆ ಸೇರಿಸುವವರು, ಶರೀಅತ್‌ಗೆ ಕಿಂಚಿತ್ತೂ ಧಕ್ಕೆಯಾಗದ ಈ ಸಣ್ಣ ತಿದ್ದುಪಡಿಗಾಗಿ ಒಂದು ಮನವಿಯನ್ನಾದರೂ ಬರೆಯಬಾರದೇ? ದಾವೆಯನ್ನು ಯಾವ ಊರಿನಲ್ಲಿ ಹೂಡಬೇಕೆಂಬುದು ಕೇವಲ ಪ್ರಕ್ರಿಯೆಯ ವಿಷಯ. 1984ರ ಕೌಟುಂಬಿಕ ನ್ಯಾಯಾಲಯಗಳ ಕಾಯ್ದೆಗೆ ಒಂದು ಕಲಮು ಸೇರಿಸಿದರೆ ಎಲ್ಲ ಧರ್ಮಗಳ ಪತ್ನಿಯರಿಗೂ ಅದು ಅನ್ವಯವಾಗುತ್ತದೆ. ಮುಸ್ಲಿಮ್ ಮಹಿಳೆಯ ಬಗ್ಗೆ ಕಣ್ಣೀರು ಸುರಿಸಿ 2019ರಲ್ಲಿ ತ್ರಿವಳಿ ತಲಾಖ್ ನೀಡಿದವನನ್ನು ಜೈಲಿಗೆ ಕಳುಹಿಸುವ ಕಾನೂನು ತಂದ ಸರಕಾರಕ್ಕೂ ಇದು ಕಾಣಿಸಲಿಲ್ಲ.

ಗಂಡಂದಿರಿಗೂ ತೊಂದರೆಯಿದೆ ಎಂಬ ಮಾತನ್ನು ನಾವು ತಳ್ಳಿಹಾಕುವುದಿಲ್ಲ. ಹಾಸಿಗೆ ಹಿಡಿದ ತಾಯಿಯನ್ನು ಬಿಟ್ಟು ಬರಲಾಗದ ಮಗನೂ ಇದ್ದಾನೆ. ಅಂತಹವರಿಗೆ ವೀಡಿಯೋ ವಿಚಾರಣೆಯ ಅನುಕೂಲವಿದೆ. ಆದರೆ ವರ್ಗಾವಣೆಯ ಬದಲಿಗೆ ಅದನ್ನೇ ಪತ್ನಿಯ ಮೇಲೆ ಹೇರುವಂತಿಲ್ಲ. ಸಂಧಾನ ವಿಫಲವಾದ ಬಳಿಕ, ಇಬ್ಬರೂ ಒಪ್ಪಿದರೆ ಮಾತ್ರ ಎಂದು 2017ರ ಅಕ್ಟೋಬರ್‌ನಲ್ಲಿ ಮೂವರು ನ್ಯಾಯಾಧೀಶರ ಪೀಠ ಬಹುಮತದಿಂದ ಹೇಳಿದೆ.

ಕಾನೂನು ಬದಲಾಗುವವರೆಗೆ ಜಮಾಅತ್‌ಗಳು ಸುಮ್ಮನಿರಬೇಕಾಗಿಲ್ಲ. ದೂರದೂರಿನಲ್ಲಿ ದಾವೆ ಹೂಡಿದವನನ್ನು ಕರೆಸಿ, ಪತ್ನಿಯ ಊರಿಗೆ ಪ್ರಕರಣದ ವರ್ಗಾವಣೆಗೆ ಒಪ್ಪಿಗೆಪತ್ರ ಕೊಡುವಂತೆ, ಅಲ್ಲಿಯವರೆಗೆ ಆಕೆಯ ಪ್ರಯಾಣವೆಚ್ಚ ಭರಿಸುವಂತೆ ಕೇಳಲಿ. ನಿಕಾಹ್‌ನ ದಿನ ಮೊದಲ ಸಾಲಿನಲ್ಲಿ ಕುಳಿತವರು ಇದಕ್ಕೂ ಮುಂದೆ ಬರಬಹುದಲ್ಲವೇ?