ಓದಿದರೆ ಹೊಟ್ಟೆ ತುಂಬುತ್ತದೆಯೇ?



ಪತ್ರಿಕೆ ಕೈಗೆ ಬಂದ ಕೂಡಲೇ ಮೊದಲು ಅಡುಗೆ ಪುಟವನ್ನು ತೆರೆಯುವವರು ನಿಮ್ಮಲ್ಲಿ ಎಷ್ಟು ಮಂದಿ ಇದ್ದೀರಿ? ನಾನಂತೂ ಆ ಗುಂಪಿನವಳು. ಆದರೆ ನನ್ನದು ಸ್ವಲ್ಪ ವಿಚಿತ್ರ. ಓದಿದ್ದನ್ನು ಮಾಡುವುದಿಲ್ಲ, ಸುಮ್ಮನೆ ಓದುತ್ತೇನೆ. ನಮ್ಮ ಕೊರಟಗೆರೆಯ ಸಂತೆಯಲ್ಲಿ ಎಂದೂ ಸಿಗದ ಸಾಮಾನುಗಳ ಪಟ್ಟಿಯನ್ನು, ಯಾರೋ ಕಥೆ ಹೇಳುತ್ತಿದ್ದಾರೆ ಎಂಬಂತೆ ಕೊನೆಯ ಸಾಲಿನವರೆಗೂ ಓದಿ, ಪುಟ ಮಡಚಿಟ್ಟು, ಎದ್ದು ಹೋಗಿ ಅದೇ ಮುದ್ದೆ ತಿರುವುತ್ತೇನೆ.

ಮದುವೆಯಾಗಿ ಬಂದ ಹೊಸದರಲ್ಲಿ ಇದಕ್ಕಾಗಿ ಮಾತು ಕೇಳಿದ್ದೂ ಉಂಟು. ಅತ್ತೆಯ ಅಕ್ಕ, ಮನೆಯವರೆಲ್ಲ ಖಾಲಾ ಎನ್ನುವ ಹಿರಿಯರು, ಒಂದು ಮಧ್ಯಾಹ್ನ ನನ್ನ ಕೈಯಲ್ಲಿದ್ದ ಪುಸ್ತಕವನ್ನು ನೋಡಿ, “ಏನಮ್ಮಾ, ಓದಿದರೆ ಹೊಟ್ಟೆ ತುಂಬುತ್ತದಾ?” ಎಂದು ಕೇಳಿದರು. ನಾನು ನಕ್ಕು ಸುಮ್ಮನಾದೆ. ರಮಝಾನ್‌ನಲ್ಲಿ ಅಸರ್ ಆದ ಮೇಲೆ ಹಲೀಮ್ ಮಾಡುವ ಬಗೆಯನ್ನು ಓದುತ್ತಾ ಕೂತಿದ್ದಾಗ ಮನೆಯವರು ಹೇಳಿದ ಮಾತು ಇನ್ನೂ ಚೆನ್ನಾಗಿತ್ತು: “ಇದರಿಂದ ಉಪವಾಸ ಮುರಿಯುವುದಿಲ್ಲ, ನಿಜ. ಆದರೆ ಹೊತ್ತೂ ಹೋಗುವುದಿಲ್ಲ.”

ಈ ಚಟ ನನಗೆ ಹಿಡಿದದ್ದು ಎಲ್ಲಿ ಎಂದು ಯೋಚಿಸಿದರೆ, ನಿಮಗೆ ಆಶ್ಚರ್ಯವಾಗಬಹುದು, ಮದ್ರಸದಲ್ಲಿ! ಹದೀಸ್ ಸಂಗ್ರಹಗಳಲ್ಲಿ ನಮಾಝ್, ಝಕಾತ್, ವ್ಯಾಪಾರ ಮುಂತಾದ ಅಧ್ಯಾಯಗಳಿರುವಂತೆ ಆಹಾರಕ್ಕೂ ಒಂದು ಅಧ್ಯಾಯವಿದೆ, ಕಿತಾಬುಲ್ ಅತ್‌ಇಮಾ. ವ್ಯಾಕರಣದ ಪಾಠ ಮಾಡಿ ಸುಸ್ತಾದ ನಾವು ಹುಡುಗಿಯರು ಆ ಅಧ್ಯಾಯಕ್ಕೆ ಬಂದಾಗ ನೆಟ್ಟಗೆ ಕೂರುತ್ತಿದ್ದೆವು. ಅದರಲ್ಲಿ ಅನಸ್(ರ)ರವರು ಹೇಳುವ ಒಂದು ಘಟನೆಯಿದೆ. ಒಬ್ಬ ದರ್ಜಿ ಪ್ರವಾದಿವರ್ಯರನ್ನು(ಸ) ಊಟಕ್ಕೆ ಕರೆದ. ಬಾಲಕ ಅನಸ್ ಕೂಡ ಜೊತೆಗೆ ಹೋದರು. ಬಾರ್ಲಿಯ ರೊಟ್ಟಿ, ಸೋರೆಕಾಯಿ ಮತ್ತು ಒಣಮಾಂಸ ಹಾಕಿದ ಸಾರು. ಪ್ರವಾದಿವರ್ಯರು(ಸ) ತಟ್ಟೆಯ ಸುತ್ತ ಸೋರೆಕಾಯಿ ಹೋಳುಗಳನ್ನು ಹುಡುಕಿ ತಿನ್ನುತ್ತಿದ್ದುದನ್ನು ಆ ಬಾಲಕ ನೋಡಿದ. ಅಂದಿನಿಂದ ಅನಸ್‌ರಿಗೂ(ರ) ಸೋರೆಕಾಯಿ ಇಷ್ಟವಾಯಿತು.

ನನಗೆ ಆಗ ಹದಿನಾಲ್ಕೋ ಹದಿನೈದೋ ವಯಸ್ಸು. ಸೋರೆಕಾಯಿ ಎಂದರೆ ಆಗುತ್ತಿರಲಿಲ್ಲ. ಅಮ್ಮಿ ದಾಲ್ಚಾ ಮಾಡಿದಾಗ ಬೇಳೆಯನ್ನಷ್ಟೇ ತಿಂದು ಹೋಳುಗಳನ್ನು ತಟ್ಟೆಯ ಅಂಚಿಗೆ ಸರಿಸುತ್ತಿದ್ದೆ. ಆ ವಾರ ರಜೆಗೆ ಬಂದಾಗ ಸರಿಸಲಿಲ್ಲ. ಅಮ್ಮಿ ನೋಡಿದರು, ಏನೂ ಕೇಳಲಿಲ್ಲ, ಇನ್ನೆರಡು ಹೋಳು ಹಾಕಿದರು. ಒಂದು ಊಟದ ಬಗ್ಗೆ ಬರೆದಿಟ್ಟ ನಾಲ್ಕು ಸಾಲು ಅಷ್ಟು ದೂರದಿಂದ, ಅಷ್ಟು ಕಾಲದ ನಂತರ, ತೋವಿನಕೆರೆ ಕಡೆಯ ಹೊಲದ ಸೋರೆಕಾಯಿಗೆ ರುಚಿ ತರಬಹುದು ಎಂದು ನನಗೆ ಗೊತ್ತಾದದ್ದು ಆಗ.

ಮದ್ರಸ ಮುಗಿಸಿ ಬಿ.ಎ.ಗೆ ಸೇರಿದಾಗ ಕನ್ನಡ ಸಾಹಿತ್ಯ ಚರಿತ್ರೆಯ ಪಾಠದಲ್ಲಿ ಕವಿಗಳ ಹೆಸರು ಮತ್ತು ಕಾಲವನ್ನು ಉರು ಹೊಡೆಯಬೇಕಿತ್ತು. ಅದರಲ್ಲಿ ಮೂರನೆಯ ಮಂಗರಸ ಎಂಬ ಜೈನ ಕವಿಯ ಕೃತಿಗಳ ಪಟ್ಟಿಯಲ್ಲಿ ‘ಸೂಪಶಾಸ್ತ್ರ’ ಎಂದಿತ್ತು. ಸುಮಾರು 1508ರಲ್ಲಿ ಬರೆದ ಅಡುಗೆ ಪುಸ್ತಕ, ಅದೂ ವಾರ್ಧಕ ಷಟ್ಪದಿಯಲ್ಲಿ! ಯುದ್ಧವನ್ನೂ ವೈರಾಗ್ಯವನ್ನೂ ಹಾಡುವ ಛಂದಸ್ಸಿನಲ್ಲಿ ಬದನೆಕಾಯಿಯ ಪಲ್ಯ. ಅದಕ್ಕೂ ಸುಮಾರು ಐನೂರು ವರ್ಷ ಮೊದಲು, 1025ರಲ್ಲಿ, ಚಾವುಂಡರಾಯನೆಂಬವನು ‘ಲೋಕೋಪಕಾರ’ವನ್ನು ಬರೆದ. ಮಳೆಯ ಲಕ್ಷಣ, ಬಾವಿ ತೋಡುವ ಜಾಗ, ಗಿಡಗಳ ಚಿಕಿತ್ಸೆ ಇವುಗಳ ಜೊತೆಯಲ್ಲೇ ಅಡುಗೆಗೂ ಅದರಲ್ಲಿ ಸ್ಥಾನವಿದೆ. ಲೋಕಕ್ಕೆ ಉಪಕಾರವಾಗುವ ವಿಷಯಗಳಲ್ಲಿ ಒಲೆಯೂ ಒಂದು ಎಂದು ಆತನಿಗೆ ತೋಚಿತ್ತಲ್ಲ ಎಂಬುದೇ ನನಗೆ ಸಂತೋಷ. ನಮ್ಮಲ್ಲಿ ಎಷ್ಟೋ ವಿದ್ಯಾವಂತರಿಗೆ ಇಂದಿಗೂ ಅದು ತೋಚುವುದಿಲ್ಲ.

ಮಂಗರಸನ ಕಾಲದ ಅಡುಗೆಯ ಬಗ್ಗೆ ಓದುವಾಗ ಒಂದು ಸಣ್ಣ ಆಟ ಆಡಿ ನೋಡಿ. ಮೆಣಸಿನಕಾಯಿಯನ್ನು ಹುಡುಕಿ. ಸಿಗುವುದಿಲ್ಲ. ಟೊಮೆಟೊ ಇಲ್ಲ, ಆಲೂಗಡ್ಡೆ ಇಲ್ಲ. ಖಾರಕ್ಕೆ ಕಾಳುಮೆಣಸು ಮತ್ತು ಶುಂಠಿ. ಇವೆಲ್ಲ ಅಮೆರಿಕ ಖಂಡದವು; ಪೋರ್ಚುಗೀಸರ ಹಡಗುಗಳು ಬರತೊಡಗಿದ ಮೇಲೆ ಒಂದೊಂದಾಗಿ ಇಲ್ಲಿಗೆ ತಲುಪಿದವು. ಇದನ್ನು ನನಗೆ ಕಲಿಸಿದ್ದು ಬಿ.ಜಿ.ಎಲ್. ಸ್ವಾಮಿಯವರ ‘ನಮ್ಮ ಹೊಟ್ಟೆಯಲ್ಲಿ ದಕ್ಷಿಣ ಅಮೆರಿಕಾ’. ಮದ್ರಾಸಿನ ಪ್ರೆಸಿಡೆನ್ಸಿ ಕಾಲೇಜಿನಲ್ಲಿ ಸಸ್ಯಶಾಸ್ತ್ರ ಕಲಿಸುತ್ತಿದ್ದ ಸ್ವಾಮಿಯವರ ‘ಹಸುರು ಹೊನ್ನು’ವಿಗೆ 1978ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂದದ್ದು ನಿಮಗೆ ತಿಳಿದಿರಬಹುದು. ಆದರೆ ಅಡುಗೆಮನೆಯಲ್ಲಿ ನಿಂತು ಓದಲು ನನಗೆ ಮೊದಲನೆಯದೇ ಹೆಚ್ಚು ಪ್ರಿಯ.

ಶಾಲೆಯಲ್ಲಿ ಒಮ್ಮೆ ಮಕ್ಕಳಿಗೆ ಈ ವಿಷಯ ಹೇಳಿದೆ. ಪಾವಗಡ, ಮಧುಗಿರಿ, ಸಿರಾದ ಕಡೆ ಮಳೆ ನಂಬಿ ಬಿತ್ತುವ ನಮ್ಮ ಕಡ್ಲೆಕಾಯಿ ಕೂಡ ದಕ್ಷಿಣ ಅಮೆರಿಕದ್ದು ಎಂದಾಗ ಹಿಂದಿನ ಬೆಂಚಿನ ಹುಡುಗನೊಬ್ಬ ಒಪ್ಪಲೇ ಇಲ್ಲ. “ಇಲ್ಲ ಮಿಸ್, ಅದು ನಮ್ಮ ತಾತನ ಕಾಲದಿಂದ ನಮ್ಮದೇ” ಎಂದ. ಅವನದು ತಪ್ಪು ಎನ್ನಲು ನನಗೂ ಮನಸ್ಸಾಗಲಿಲ್ಲ. ನಮ್ಮ ಮನೆಗಳಲ್ಲಿ ಬಗಾರ ಬೈಂಗನ್‌ಗೆ ಕಡ್ಲೆಕಾಯಿ ಬೀಜ ಹುರಿದು ರುಬ್ಬಿ ಹಾಕುತ್ತೇವಲ್ಲ, ಅದರಲ್ಲಿ ಮಂಗರಸನ ಬದನೆಕಾಯಿಯೂ ಇದೆ, ಸಮುದ್ರ ದಾಟಿ ಬಂದ ಬೀಜವೂ ಇದೆ, ಹುಣಸೆಹುಳಿಯೂ ಇದೆ. ಯಾವುದು ಯಾರದೆಂದು ಬೇರ್ಪಡಿಸುವುದು ಹೇಗೆ?

ನಮ್ಮವರೂ ಹಿಂದೆ ಬಿದ್ದಿಲ್ಲ. 1226ರಲ್ಲಿ ಬಗ್ದಾದಿನ ಮುಹಮ್ಮದ್ ಬಿನ್ ಹಸನ್ ಎಂಬವರು ‘ಕಿತಾಬುತ್ತಬೀಖ್’ ಎಂಬ ಅಡುಗೆ ಪುಸ್ತಕ ಬರೆದರು. ಅದರ ಆರಂಭದಲ್ಲಿ ಅವರು ಮನುಷ್ಯನ ಸುಖಗಳನ್ನು ಆರಾಗಿ ವಿಂಗಡಿಸಿ, ಅವುಗಳಲ್ಲಿ ಊಟಕ್ಕೇ ಮೊದಲ ಸ್ಥಾನ ಕೊಡುತ್ತಾರೆ. ಉಡುಗೆ, ಸುಗಂಧ, ಸಂಗೀತ ಎಲ್ಲ ಅದರ ನಂತರ. ಆರೋಗ್ಯವಿಲ್ಲದಿದ್ದರೆ ಉಳಿದವುಗಳಿಂದ ಏನು ಪ್ರಯೋಜನ, ಆರೋಗ್ಯ ನಿಂತಿರುವುದು ಆಹಾರದ ಮೇಲಲ್ಲವೇ ಎಂಬುದು ಅವರ ವಾದ. ವಾದ ಸರಿಯೋ ತಪ್ಪೋ, ಇಂಥ ಮುನ್ನುಡಿ ಬರೆದವರ ಮನೆಯಲ್ಲಿ ಒಂದು ಹೊತ್ತು ಉಣ್ಣಬೇಕಿತ್ತು ಎನಿಸುತ್ತದೆ.

ಇನ್ನೊಂದು ಪುಸ್ತಕದ ಕಥೆ ನಮ್ಮ ನಾಡಿಗೆ ಹತ್ತಿರದ್ದು. ಮಾಳವದ ಮಾಂಡುವಿನಲ್ಲಿ 1469ರಿಂದ 1500ರವರೆಗೆ ಆಳಿದ ಘಿಯಾಸ್ ಶಾಹ್ ಎಂಬ ಸುಲ್ತಾನನಿಗೆ ತಿನ್ನುವುದೆಂದರೆ ಪ್ರಾಣ. ಅವನ ಅಡುಗೆಗಳನ್ನು ಚಿತ್ರಗಳ ಸಮೇತ ಬರೆಸಿದ ಪುಸ್ತಕವೇ ‘ನಿಅಮತ್‌ನಾಮಾ’. ಅವನ ಮಗನ ಕಾಲದಲ್ಲಿ ಅದು ಪೂರ್ತಿಯಾಯಿತು. ಈ ಹಸ್ತಪ್ರತಿ ಹೇಗೋ ನಮ್ಮ ಶ್ರೀರಂಗಪಟ್ಟಣಕ್ಕೆ, ಟಿಪ್ಪು ಸುಲ್ತಾನರ ಪುಸ್ತಕ ಭಂಡಾರಕ್ಕೆ ಬಂದಿತ್ತು. 1799ರಲ್ಲಿ ಕೋಟೆ ಬಿದ್ದ ಮೇಲೆ ಭಂಡಾರ ಈಸ್ಟ್ ಇಂಡಿಯಾ ಕಂಪನಿಯ ಕೈಸೇರಿತು. ಆ ಪುಸ್ತಕ ಈಗ ಲಂಡನ್ನಿನ ಬ್ರಿಟಿಷ್ ಲೈಬ್ರರಿಯಲ್ಲಿದೆ. ಟಿಪ್ಪುವಿನ ಖಡ್ಗದ ಕಥೆ ನಮ್ಮ ಮಕ್ಕಳಿಗೆಲ್ಲ ಗೊತ್ತು. ಅವರ ಕಪಾಟಿನಲ್ಲಿ ಸಮೋಸ ಮಾಡುವ ಪುಸ್ತಕವೂ ಇತ್ತೆಂದು ಯಾವ ಪಾಠದಲ್ಲೂ ಬರುವುದಿಲ್ಲ.

2005ರಲ್ಲಿ ಇದರ ಇಂಗ್ಲಿಷ್ ಅನುವಾದ ಬಂತು. ಬೆಂಗಳೂರಿನಲ್ಲಿ ಓದುತ್ತಿದ್ದ ನನ್ನ ತಮ್ಮನ ಮಗಳು ಕೆಲವು ಪುಟಗಳ ಝೆರಾಕ್ಸ್ ತಂದುಕೊಟ್ಟಳು. ಅದನ್ನು ನಾನು ಓದಿದ್ದು ಮನೆಯಲ್ಲಲ್ಲ, ತುಮಕೂರಿನ ಡಯಾಲಿಸಿಸ್ ಕೋಣೆಯಲ್ಲಿ, ಅಮ್ಮಿಯ ಪಕ್ಕದಲ್ಲಿ ಕೂತು.

ಅಮ್ಮಿಗೆ ಮೂತ್ರಪಿಂಡ ಕೈಕೊಟ್ಟಿತ್ತು. ವಾರಕ್ಕೆ ಎರಡು ಸಲ ಬೆಳಗಿನ ಬಸ್ಸಿಗೆ ಹೋಗಬೇಕು, ನಾಲ್ಕು ಗಂಟೆ ಯಂತ್ರದ ಪಕ್ಕ ಮಲಗಬೇಕು. ಡಾಕ್ಟರರು ಕೊಟ್ಟ ಚೀಟಿಯಲ್ಲಿ ತಿನ್ನಬಾರದ್ದೇ ಹೆಚ್ಚು. ಉಪ್ಪು ಚಿಟಿಕೆಯಷ್ಟು. ನೀರು ಅಳೆದು. ಬಾಳೆಹಣ್ಣು ಬೇಡ, ಎಳನೀರು ಬೇಡ, ಟೊಮೆಟೊ ಬೇಡ. ಬೇಳೆ ಕಡಿಮೆ. ನಲವತ್ತು ವರ್ಷ ಮನೆಗೂ ಮದುವೆಗೂ ಡೇಗೆ ಇಳಿಸಿದ ಹೆಂಗಸಿಗೆ ತಟ್ಟೆಯಲ್ಲಿ ಉಳಿದದ್ದು ಸಪ್ಪೆ ಅನ್ನ. ಅವರು ದೂರಿದವರಲ್ಲ. ಪ್ರವಾದಿವರ್ಯರು(ಸ) ಎಂದೂ ಯಾವ ಆಹಾರದಲ್ಲೂ ಕುಂದು ಹುಡುಕಲಿಲ್ಲ, ಇಷ್ಟವಾದರೆ ತಿಂದರು, ಇಲ್ಲವಾದರೆ ಬಿಟ್ಟರು ಎಂಬ ಹದೀಸನ್ನು ನಮಗೆಲ್ಲ ಚಿಕ್ಕಂದಿನಲ್ಲಿ ಹೇಳಿಕೊಟ್ಟವರೇ ಅವರು. ಆದರೆ ಮಾತು ಕಡಿಮೆಯಾಗುತ್ತಾ ಹೋಯಿತು.

ಒಂದು ದಿನ ಹೊತ್ತು ಕಳೆಯಲು ಆ ಝೆರಾಕ್ಸ್ ತೆಗೆದು ನನ್ನಷ್ಟಕ್ಕೆ ಓದುತ್ತಿದ್ದೆ. “ಏನದು?” ಎಂದರು. ಅಮ್ಮಿಗೆ ಕುರ್‌ಆನ್ ಓದಲು ಬರುತ್ತಿತ್ತು, ಬೇರೇನೂ ಬರುತ್ತಿರಲಿಲ್ಲ. ನಾನು ಇಂಗ್ಲಿಷಿನಿಂದ ನಮ್ಮ ಮನೆ ಮಾತಿಗೆ ಹೇಳುತ್ತಾ ಹೋದೆ. ಸುಲ್ತಾನನ ಸಮೋಸ: ಬೇಯಿಸಿದ ಖೀಮಾ, ಅದರಷ್ಟೇ ಈರುಳ್ಳಿ, ಒಣಶುಂಠಿ, ಬೆಳ್ಳುಳ್ಳಿ, ಗುಲಾಬಿ ನೀರಿನಲ್ಲಿ ಅರೆದ ಕೇಸರಿ, ಬದನೆಕಾಯಿಯ ತಿರುಳು. ತುಪ್ಪದಲ್ಲಿ ಕರಿಯಬೇಕು.

ಅಮ್ಮಿ ಕಣ್ಣು ಮುಚ್ಚಿಕೊಂಡೇ ಕೇಳಿದರು. ನಂತರ, “ಖೀಮಾದಷ್ಟೇ ಈರುಳ್ಳಿ ಹಾಕಿದರೆ ನೀರು ಬಿಡುವುದಿಲ್ಲವಾ? ಮೇಲಿಂದ ಬದನೆಕಾಯಿ ಬೇರೆ. ಹಿಟ್ಟು ಮೆತ್ತಗಾಗಿ ಬಾಣಲೆಯಲ್ಲೇ ಬಿಚ್ಚಿಕೊಳ್ಳುತ್ತದೆ. ಒಲೆ ಮೇಲೆ ಪೂರ್ತಿ ಆರಿಸಿ ತುಂಬಬೇಕು. ಸುಲ್ತಾನನಿಗೆ ಯಾರು ಹೇಳುವವರು!” ಎಂದರು. ತಿಂಗಳುಗಳ ನಂತರ ಅವರು ಒಟ್ಟಿಗೆ ಆಡಿದ ಅಷ್ಟು ಮಾತು ಅದು.

ಅಂದಿನಿಂದ ವಾರಕ್ಕೆ ಎರಡು ದಿನ ಓದು ನಡೆಯಿತು. ಸುಲ್ತಾನನ ಪುಟಗಳು ಮುಗಿದ ಮೇಲೆ ಸ್ವಾಮಿಯವರದು, ಅದಾದ ಮೇಲೆ ಹಳೆಯ ಪತ್ರಿಕೆಗಳ ಅಡುಗೆ ಪುಟಗಳು. ಪಕ್ಕದ ಹಾಸಿಗೆಯಲ್ಲಿ ಪಾವಗಡದ ಕಡೆಯ ಒಬ್ಬ ಅಜ್ಜ ಇದ್ದರು. “ಸ್ವಲ್ಪ ಜೋರಾಗಿ ಓದು ತಾಯಿ” ಎನ್ನುತ್ತಿದ್ದರು. ಕನ್ನಡದ್ದಾದರೆ ಅವರೂ ಸೇರುತ್ತಿದ್ದರು. ಒಮ್ಮೆ ಸೊಪ್ಪಿನ ವಿಷಯ ಬಂತು. ಮಳೆ ಬಿದ್ದ ಮೇಲೆ ಹೊಲದ ಬದುವಿನಲ್ಲಿ ಏಳುವ ಅಣ್ಣೆ, ಗಣಿಕೆ, ಹೊನಗೊನ್ನೆ ಎಲ್ಲ ಬೆರಕೆ ಮಾಡಿ ಬಸ್ಸಾರು ಮಾಡುವುದನ್ನು ಅಜ್ಜ ಹೇಳಿದರು. ನಮ್ಮ ಸಿದ್ದರಬೆಟ್ಟದ ಬುಡದಲ್ಲಿ ಸಿಗುವ ಸೊಪ್ಪಿನ ರುಚಿ ಎಲ್ಲೂ ಇಲ್ಲ ಎಂದು ಅಮ್ಮಿ. ಬೆಟ್ಟದ ಗಿಡಮೂಲಿಕೆಗೆ ಜನ ದೂರದೂರದಿಂದ ಬರುತ್ತಾರಲ್ಲ, ಸೊಪ್ಪಿಗೂ ಆ ಗುಣವಿದೆ ಎಂಬುದು ಅವರ ವಾದ. ಒಂದು ಗಂಟೆ ಇಬ್ಬರೂ ಜಗಳವಾಡಿದರು. ಇಬ್ಬರೂ ಸೊಪ್ಪು ತಿನ್ನುವಂತಿರಲಿಲ್ಲ. ನರ್ಸಮ್ಮ ನಗುತ್ತಾ, “ಇವತ್ತು ಊಟ ಜೋರಾಯ್ತಲ್ಲ” ಎಂದು ಹೋದರು.

ಹೀಗೆ ತಿನ್ನಲಾಗದವರ ಮುಂದೆ ತಿಂಡಿಯ ಮಾತಾಡುವುದು ಸರಿಯೇ ಎಂದು ನನಗೇ ಅನುಮಾನ ಬಂದಿತ್ತು. ಒಂದು ವಾರ ಬೇಕೆಂದೇ ಪುಸ್ತಕ ಒಯ್ಯಲಿಲ್ಲ. ಬಸ್ಸು ಇಳಿಯುವಷ್ಟರಲ್ಲಿ ಅಮ್ಮಿ ನನ್ನ ಚೀಲ ತಡಕಿದರು. “ಎಲ್ಲಿ?” ಎಂದು ಒಂದೇ ಮಾತು ಕೇಳಿದರು. ಮತ್ತೆ ಮರೆಯಲಿಲ್ಲ.

ನಿಅಮತ್‌ನಾಮಾದ ಚಿತ್ರಗಳಲ್ಲಿ ದೊಡ್ಡ ಮೀಸೆಯ ಸುಲ್ತಾನ ನಡುವೆ ಕೂತಿರುತ್ತಾನೆ. ಸುತ್ತ ಹೆಂಗಸರು ಅರೆಯುತ್ತಾ, ಕುದಿಸುತ್ತಾ, ಬಡಿಸುತ್ತಾ ಇರುತ್ತಾರೆ. ಹೆಸರು ಮಾತ್ರ ಸುಲ್ತಾನನದು. ಅಮ್ಮಿಗೆ ಆ ಚಿತ್ರದ ಝೆರಾಕ್ಸ್ ತೋರಿಸಿದಾಗ ಅವರು ಸುಲ್ತಾನನನ್ನು ನೋಡಲೇ ಇಲ್ಲ. ಪಾತ್ರೆಯ ಬಳಿ ಇದ್ದವಳ ಮೇಲೆ ಬೆರಳಿಟ್ಟು, “ಉರಿ ಜಾಸ್ತಿಯಾಗಿದೆ, ನೋಡು” ಎಂದರು. ಆ ದಿನ ಸಂಜೆಯೇ ನಾನು ಒಂದು ನೋಟು ಪುಸ್ತಕ ಕೊಂಡೆ.

ಅದರಲ್ಲಿ ಈಗ ಅಮ್ಮಿಯ ಮೂವತ್ತೊಂದು ಅಡುಗೆಗಳಿವೆ. ಕುಷ್ಕಾ, ಬದನೆಕಾಯಿಯ ಖಟ್ಟಾ, ಹುರುಳಿಯ ಕಟ್ಟು, ಮುದ್ದೆಗೆ ಮಾಡುವ ಸಾಲನ್, ಹೆರಿಗೆಯಾದವರಿಗೆ ಕೊಡುವ ಅಚ್ವಾನಿ. ಬರೆಸುವುದು ಸುಲಭವಿರಲಿಲ್ಲ. “ಎಷ್ಟು ಹುಣಸೆ?” ಎಂದರೆ “ಬೇಕಾದಷ್ಟು.” “ಎಷ್ಟು ಹೊತ್ತು?” ಎಂದರೆ “ವಾಸನೆ ಬರುವ ತನಕ.” ಆಸ್ಪತ್ರೆಯ ಔಷಧಿ ಡಬ್ಬಿಯ ಮುಚ್ಚಳವನ್ನೇ ಅಳತೆ ಮಾಡಿಕೊಂಡು, ಇಷ್ಟಾ ಅಷ್ಟಾ ಎಂದು ಕೇಳಿ ಕೇಳಿ ಬರೆದೆ.

ದಾಲ್ಚಾ ಬರೆಸಿದ್ದು ಕೊನೆಯದಾಗಿ. ಬೇಳೆ, ಸೋರೆಕಾಯಿ, ಮೂಳೆ ಸಮೇತ ಮಾಂಸ, ಹುಣಸೆ, ಒಗ್ಗರಣೆಗೆ ಕರಿಬೇವು, ಎಲ್ಲ ಹೇಳಿದರು. ಉಪ್ಪಿಗೆ ಬಂದಾಗ ನಿಂತರು. ಎರಡು ವರ್ಷದಿಂದ ಅವರ ನಾಲಿಗೆಗೆ ಸರಿಯಾದ ಉಪ್ಪು ಬಿದ್ದಿರಲಿಲ್ಲ. ಸ್ವಲ್ಪ ಹೊತ್ತು ಯೋಚಿಸಿ, “ಅದು ನನಗೆ ಈಗ ನೆನಪಿಲ್ಲ ಮಗಳೇ, ನೀನು ಮಾಡುವಾಗ ನೋಡಿ ಬರೆದುಕೋ” ಎಂದರು.

ಅಮ್ಮಿ ಹೋಗಿ ಮೂರು ವರ್ಷವಾಯಿತು. ದಾಲ್ಚಾ ಅನೇಕ ಸಲ ಮಾಡಿದ್ದೇನೆ. ಆ ಪುಟದಲ್ಲಿ ಉಪ್ಪು ಎಂಬ ಪದದ ಮುಂದಿನ ಜಾಗ ಇನ್ನೂ ಖಾಲಿಯಿದೆ.