ಟಿಎಂಸಿ ಲೆಕ್ಕದಲ್ಲಿ ಮೀನಿಗೆ ಜಾಗವಿಲ್ಲವೇ?



ಕಾವೇರಿ ಎಂದಾಕ್ಷಣ ನಾವೆಲ್ಲ ಟಿಎಂಸಿ ಪಂಡಿತರು. 2018ರ ಸುಪ್ರೀಂ ಕೋರ್ಟ್ ತೀರ್ಪಿನಂತೆ ನಮ್ಮ ಪಾಲು 284.75 ಎಂದು ನಿದ್ದೆಗಣ್ಣಲ್ಲೂ ಹೇಳುತ್ತೇವೆ. ಆ ನೀರಿನೊಳಗೆ ಯಾರಿದ್ದಾರೆ ಎಂದು ಕೇಳಿ ನೋಡಿ, ಸದ್ದಿಲ್ಲ!

2008ರಲ್ಲಿ ವಿಜ್ಞಾನಿಗಳು ಜಗತ್ತಿನ ಸಿಹಿನೀರನ್ನು 426 ಜೈವಿಕ ವಲಯಗಳಾಗಿ ವಿಂಗಡಿಸಿದರು. ರಾಜ್ಯಗಳ ಗಡಿ ಹಿಡಿದಲ್ಲ, ಮುಖ್ಯವಾಗಿ ಎಲ್ಲಿ ಯಾವ ಮೀನಿದೆ ಎಂಬುದನ್ನು ಹಿಡಿದು. ಪಶ್ಚಿಮಘಟ್ಟವೇ ಒಂದು ವಲಯ. ಇದೆಲ್ಲ ಪಂಡಿತರ ಕಸರತ್ತು ಎನ್ನುವವರು ಕಾವೇರಿಯ ಡುಬ್ಬದ ಮಹಶೀರ್ ಕಥೆ ಕೇಳಬೇಕು. 50 ಕೆಜಿವರೆಗೂ ಬೆಳೆಯುವ, ಕಾವೇರಿ ಕೊಳ್ಳ ಬಿಟ್ಟರೆ ಬೇರೆಲ್ಲೂ ಇಲ್ಲದ ಮೀನು. ಮೀನು ಹೆಚ್ಚಲಿ ಎಂಬ ಸದುದ್ದೇಶದಿಂದಲೇ ಮಹಾರಾಷ್ಟ್ರದ ಲೋಣಾವಳದಲ್ಲಿ ಬೆಳೆಸಿದ ಬೇರೆ ಜಾತಿಯ ಮಹಶೀರ್ ಮರಿಗಳನ್ನು ತಂದು ಕಾವೇರಿಗೆ ಬಿಟ್ಟರು. ಬಂದದ್ದು ತುಂಬಿಕೊಂಡಿತು. ಇದ್ದದ್ದು 2018ರಲ್ಲಿ ಕೆಂಪು ಪಟ್ಟಿಯಲ್ಲಿ ತೀವ್ರ ಅಪಾಯದ ಸಾಲಿಗೆ ಸೇರಿತು. ಅದರ ವೈಜ್ಞಾನಿಕ ಹೆಸರು ಇತ್ಯರ್ಥವಾದದ್ದೂ ಅದೇ ವರ್ಷ!

ಈಗ ಎತ್ತಿನಹೊಳೆ. ಪಡುವಣಕ್ಕೆ ಹರಿದು ಕುಮಾರಧಾರೆ ಸೇರುವ ನೀರಿನಲ್ಲಿ 24 ಟಿಎಂಸಿಯನ್ನು ಮೇಲೆತ್ತಿ ಕೋಲಾರದ ಕಡೆಗೆ ಒಯ್ಯುವ ಯೋಜನೆ. ಮೊದಲ ಹಂತ 2024ರ ಸೆಪ್ಟೆಂಬರಿನಲ್ಲಿ ಉದ್ಘಾಟನೆಯಾಯಿತು. ಕೋಲಾರದ ಬಾಯಾರಿಕೆ ಸುಳ್ಳೆಂದು ನಾನು ಹೇಳುತ್ತಿಲ್ಲ. ಆದರೆ "ಸಮುದ್ರಕ್ಕೆ ವ್ಯರ್ಥವಾಗಿ ಹೋಗುವ ನೀರು" ಎನ್ನುವ ಎಂಜಿನಿಯರುಗಳಿಗೆ (ನನ್ನ ಸಹಪಾಠಿಗಳೂ ಇದ್ದಾರೆ) ಹೊಳೆಯೆಂದರೆ ಬರೀ ಪೈಪು. ಕೆಳಗಿನ ಹೊಳೆ ಎಷ್ಟು ಸೊರಗುತ್ತದೆ, ನೀರಿನ ಜೊತೆ ಯಾವ ಜೀವಿ ಘಟ್ಟ ದಾಟುತ್ತದೆ ಎಂಬುದು ಅವರ ಲೆಕ್ಕದಲ್ಲಿಲ್ಲ.

ಇಲ್ಲಿನ ಸಮ್ಮೇಳನಗಳಿಗೆ ಸಚಿವರು ಬರುತ್ತಾರಲ್ಲ, ಹಾರ ಹಾಕುವ ಮುಂಚೆ ಒಂದು ಮಾತು ಕೇಳಿ: ಸ್ವಾಮಿ, ನಿಮ್ಮ ಯೋಜನಾ ವರದಿಯಲ್ಲಿ ಆ ಹೊಳೆಯ ಮೀನುಗಳ ಪಟ್ಟಿ ಯಾವ ಪುಟದಲ್ಲಿದೆ?