ಕಾಡಿನ ಸಿನಿಮಾ, ಕರಡಿಯ ಊರು

ಸಾಫ್ಟ್‌ವೇರ್ ಬಿಟ್ಟು ಕ್ಯಾಮೆರಾ ಹಿಡಿದವರ ಕತೆ ಅಂದರೆ ನಮ್ಮಂಥ ಟೆಕ್ಕಿಗಳಿಗೆ ಬಲು ಇಷ್ಟ. ಊಟದ ಹೊತ್ತಿಗೆ ಅಮೋಘವರ್ಷ ಅವರ ಹೆಸರು ಬಂದರೆ ಸಾಕು, "ನಾನೂ ಒಂದಿನ ರಿಸೈನ್ ಮಾಡಿ..." ಅಂತ ಎಲ್ಲರೂ ಶುರು ಹಚ್ಚಿಕೊಳ್ಳುತ್ತಾರೆ. ನನಗೆ ಮಾತ್ರ ಅವರು ಬಿಟ್ಟ ಕೆಲಸಕ್ಕಿಂತ ಆಮೇಲೆ ಹಿಡಿದ ದಾರಿ ಮುಖ್ಯ.

ಕಲ್ಯಾಣ್ ವರ್ಮ (ಅವರೂ ಯಾಹೂ ಬಿಟ್ಟು ಬಂದವರೇ!) ಜೊತೆ ನಿರ್ದೇಶಿಸಿದ 'ವೈಲ್ಡ್ ಕರ್ನಾಟಕ' 2020ರ ಜನವರಿಯಲ್ಲಿ ಚಿತ್ರಮಂದಿರಕ್ಕೇ ಬಂತು. ಪ್ರಾಣಿಗಳ ಸಾಕ್ಷ್ಯಚಿತ್ರಕ್ಕೆ ಜನ ಟಿಕೆಟ್ ಕೊಂಡು ಹೋದರು. 67ನೇ ರಾಷ್ಟ್ರಪ್ರಶಸ್ತಿಗಳಲ್ಲಿ ಎರಡು ಅದಕ್ಕೆ ಸಿಕ್ಕವು. ಒಂದು ಡೇವಿಡ್ ಅಟೆನ್‌ಬರೋ ಅವರ ನಿರೂಪಣೆಗೆ. ಆಮೇಲೆ 2022ರ ಅಕ್ಟೋಬರ್ 28ಕ್ಕೆ 'ಗಂಧದ ಗುಡಿ'. 1973ರ 'ಗಂಧದ ಗುಡಿ'ಯಲ್ಲಿ ಅಣ್ಣಾವ್ರು ಅರಣ್ಯಾಧಿಕಾರಿಯ ಪಾತ್ರ ಮಾಡಿದ್ದರು. ಇಲ್ಲಿ ಅಪ್ಪು ಯಾವ ಪಾತ್ರವೂ ಇಲ್ಲದೆ ಅಪ್ಪುವಾಗಿಯೇ ಕಾಡು ಸುತ್ತಿದರು. ತೆರೆಗೆ ಬರುವ ಹೊತ್ತಿಗೆ ಅವರೇ ಇರಲಿಲ್ಲ...

ಡಬ್ಲ್ಯುಡಬ್ಲ್ಯುಇ ಕುಸ್ತಿ ನೋಡಿ, ಅದರ ಕಾರ್ಡ್ ಕೂಡಿಹಾಕಿ ಬೆಳೆದವರು ನಾವು. ಅಲ್ಲಿ ಗೆಲ್ಲೋರು ಯಾರು ಅಂತ ಮೊದಲೇ ಬರೆದಿಟ್ಟಿರುತ್ತಾರೆ. ಸಾಕ್ಷ್ಯಚಿತ್ರ ಹಾಗಲ್ಲ, ಕರಡಿ ಸ್ಕ್ರಿಪ್ಟ್ ಓದಿಕೊಂಡು ಬರೋದಿಲ್ಲ. ಆದರೂ ಡ್ರೋನು, ಸ್ಲೋಮೋಷನ್ನು, ಮೈ ಜುಮ್ಮೆನ್ನಿಸುವ ಸಂಗೀತ ಸೇರಿದರೆ ಕಾಡೂ ಒಂದು ಶೋ ಆಗಿಬಿಡುವ ಅಪಾಯ ಇದ್ದೇ ಇದೆ. ಚಪ್ಪಾಳೆ ತಟ್ಟಿ ಎದ್ದು ಬರುತ್ತೇವೆ, ಅಷ್ಟೇ.

ಈಗ ಕೂಡ್ಲಿಗಿ ತಾಲ್ಲೂಕಿನ ನಮ್ಮ ಗುಡೇಕೋಟೆಗೆ ಬನ್ನಿ. 2013ರಲ್ಲಿ ಇಲ್ಲಿ ಕರಡಿಧಾಮ ಘೋಷಣೆಯಾಯಿತು. ಹಗಲೆಲ್ಲ ಬಂಡೆಗಳ ಸಂದಿಯ ಗವಿಯಲ್ಲಿ ಮಲಗುವ ಕರಡಿ, ಕತ್ತಲಾದ ಮೇಲೆ ಗೆದ್ದಲು, ಹಣ್ಣು ಹುಡುಕಿಕೊಂಡು ಇಳಿಯುತ್ತದೆ. ದಾರಿಯಲ್ಲಿ ಸಿಕ್ಕ ಶೇಂಗಾ, ಮೆಕ್ಕೆಜೋಳವನ್ನೂ ಬಿಡೋದಿಲ್ಲ. ಅದೇ ಹೊತ್ತಿಗೆ ತ್ರೀಫೇಸ್ ಕರೆಂಟ್ ಬಂತು ಅಂತ ರೈತ ಮೋಟರ್ ಹಾಕೋಕೆ ಹೊಲಕ್ಕೆ ಹೊರಡುತ್ತಾನೆ. ಎದುರುಬದುರಾದರೆ ಬೆದರಿದ ಕರಡಿ ಮೇಲೆರಗುತ್ತದೆ. ಇಲ್ಲಿ ವಿಲನ್ ಯಾರು ಹೇಳಿ? ಕರಡಿಯೂ ಅಲ್ಲ, ರೈತನೂ ಅಲ್ಲ. ರಾತ್ರಿ ಕರೆಂಟ್ ಕೊಡುವ ಟೈಮ್‌ಟೇಬಲ್ಲು!

ಇದು ಡ್ರೋನಿಗೆ ಕಾಣೋದಿಲ್ಲ. ಕಾಣಬೇಕಾದರೆ ಕ್ಯಾಮೆರಾ ಹೊಲದ ಬದುವಿನ ಮೇಲೆ ಕೂರಬೇಕು, ಕರಡಿಗೆ ಕಾದಷ್ಟೇ ತಾಳ್ಮೆಯಿಂದ ರೈತನಿಗೂ ಕಾಯಬೇಕು. ಸಾಕ್ಷ್ಯಚಿತ್ರಕ್ಕೆ ಟಿಕೆಟ್ ಕೊಳ್ಳುವ ಅಭ್ಯಾಸ ನಮಗೆ ಹಿಡಿಸಿದವರಿಂದಲೇ ಮುಂದಿನ ಸಿನಿಮಾ ಇಂಥದ್ದು ಬರಲಿ ಅನ್ನೋದು ನನ್ನ ಆಸೆ. ಅದು ಮಾಲ್‌ಗಿಂತ ಮೊದಲು ನಮ್ಮೂರ ಶಾಲೆಯ ಗೋಡೆ ಮೇಲೆ, ಕನ್ನಡದಲ್ಲಿ ಓಡಲಿ. ಕಾಡು ಉಳಿಸಿ ಅಂತ ಕಾಡಿನ ಪಕ್ಕದಲ್ಲೇ ಬದುಕುವವರಿಗೆ ಹೇಳುವ ಮೊದಲು, ಅವರ ಮಾತನ್ನೂ ಒಮ್ಮೆ ರೆಕಾರ್ಡ್ ಮಾಡಿಕೊಳ್ಳಬೇಕಲ್ಲವೇ?

ನೀವೇನಂತೀರಿ?